ಕಾರುಗಳ ಹೆಳವ

ಗಾಡಿಗೆ ಏನಾಗಿದೆ ಎಂದು ಗೌಸ್ ಮೊದಲು ಕೇಳುವುದಿಲ್ಲ. ಬಾನೆಟ್ಟಿನಿಂದ ಹೊಗೆ ಏಳುತ್ತಿರಲಿ, ಬ್ರೇಕು ಹಿಡಿಯದೆ ಗಾಡಿ ಅವನ ಶೆಡ್ಡಿನ ಮುಂದಿನ ಹುಣಿಸೆ ಬುಡಕ್ಕೇ ಬಂದು ನಿಂತಿರಲಿ, ಮಾಲೀಕ ತಲೆಯ ಮೇಲೆ ಕೈಹೊತ್ತು ಕೂತಿರಲಿ, ಅವನ ಬಾಯಿಂದ ಬರುವ ಮೊದಲ ಮಾತು ಒಂದೇ: "ಇದರ ತಾಯಿ ಯಾರು?" ಹೊಸಬರು ಬೆಪ್ಪಾಗಿ ಗಾಡಿಯ ಮೂತಿಯ ಮೇಲೆ ಹೊಳೆಯುವ ಹೆಸರನ್ನು ತೋರಿಸುತ್ತಾರೆ. ಗೌಸ್ ತಲೆಯಾಡಿಸುತ್ತಾನೆ. "ಅದು ಹೆಸರು ಕಣಣ್ಣ. ನಾನ್ ಕೇಳಿದ್ದು ತಾಯಿನ."

ನಮ್ಮ ಸೀಮೆಯ ಒಕ್ಕಲು ಮನೆಗಳಿಗೆ ಸುಗ್ಗಿ ಮುಗಿದ ಮೇಲೆ ಎತ್ತಿನ ಮೇಲೆ ಕೂತು ಹೆಳವರು ಬರುತ್ತಾರೆ. ಅಂಗಳದಲ್ಲಿ ನಿಂತು, ಮನೆಯವರಿಗೇ ಮರೆತುಹೋದ ಏಳೆಂಟು ತಲೆಮಾರಿನ ಹೆಸರುಗಳನ್ನು, ಯಾರು ಯಾವ ಊರಿಂದ ಬಂದು ನೆಲೆನಿಂತರು, ಯಾರು ಯಾರ ಮನೆಗೆ ದತ್ತು ಹೋದರು ಎಂಬುದನ್ನು ಒಂದೇ ಉಸಿರಿನಲ್ಲಿ ಹೇಳಿ, ಮೊರದ ತುಂಬ ರಾಗಿ ಹಾಕಿಸಿಕೊಂಡು ಮುಂದಿನ ಮನೆಗೆ ಹೋಗುತ್ತಾರೆ. ರಾಮನಗರದ ಹಳೆಯ ಹೆದ್ದಾರಿಯ ಬದಿಯ ಈ ತಗಡಿನ ಶೆಡ್ಡಿನ ಮೆಕ್ಯಾನಿಕ್ಕಿಗೆ 'ಕಾರು ಹೆಳವ' ಎಂಬ ಹೆಸರು ಬಿದ್ದದ್ದು ಹೀಗೆ. ಯಾರಿಟ್ಟರೋ ಗೊತ್ತಿಲ್ಲ, ಇಟ್ಟವರು ಕಣ್ಣಿದ್ದವರು. ಗೌಸ್ ಅದನ್ನು ಬಿರುದಿನ ಹಾಗೆ ಹೊತ್ತುಕೊಂಡು ತಿರುಗುತ್ತಾನೆ.

ತಿರುಗುವುದೂ ಒಂದು ಚೆಂದ. ಎರಡು ಗಾಡಿಗಳ ನಡುವಿನ ಗೇಣಗಲ ಸಂದಿಯಲ್ಲಿ ಮೂವತ್ತು ವರ್ಷ ನುಸುಳಿದ ದೇಹ ಅದು. ಈಗ ಬಟಾಬಯಲಿನಲ್ಲಿ ಬಿಟ್ಟರೂ ಎಡಭುಜ ಮುಂದು ಮಾಡಿ, ಹೊಟ್ಟೆ ಒಳಗೆಳೆದುಕೊಂಡು, ಕಾಣದ ಎರಡು ಬಾಗಿಲುಗಳಿಗೆ ತಾಗಬಾರದೆನ್ನುವ ಹಾಗೆ ಅಡ್ಡಡ್ಡವಾಗಿಯೇ ನಡೆಯುತ್ತಾನೆ. ಮೈಮೇಲೆ ಮಾಗಿಯಲ್ಲೂ ಬೇಸಿಗೆಯಲ್ಲೂ ಒಂದೇ ಖಾಕಿ ಕೋಟು. ಎದೆಯ ಮೇಲೆ, ಹಿಂದೊಮ್ಮೆ ಕಾರ್ಖಾನೆಯ ಹೆಸರಿನ ಪಟ್ಟಿ ಹೊಲಿದಿದ್ದ ಜಾಗದಲ್ಲಿ, ಬಿಸಿಲು ಕಾಣದೆ ಉಳಿದ ಚೌಕಾಕಾರದ ಕಪ್ಪು. ಕೋಟು ಕಳಚಿ ಒಗೆಯುವುದಕ್ಕೆ ಹೆಂಡತಿ ನೂರ್ಜಹಾನ್ ಶುಕ್ರವಾರ ಶುಕ್ರವಾರ ಯುದ್ಧ ಹೂಡುತ್ತಾಳೆ, ಒಮ್ಮೊಮ್ಮೆ ಗೆಲ್ಲುತ್ತಾಳೆ.

ಆ ಕೋಟು ಕೊಟ್ಟದ್ದು ಬಿಡದಿ ಕಡೆಯ ಒಂದು ಬಿಡಿಭಾಗದ ಕಾರ್ಖಾನೆ. ಗೌಸನ ತಂದೆ ಚನ್ನಪಟ್ಟಣದಲ್ಲಿ ಗೊಂಬೆ ಕಡೆಯುತ್ತಿದ್ದವರು. ಒಂದೇ ಹಾಲೆ ಮರದ ತುಂಡು ಪಟ್ಟಡಿ ಎನ್ನುವ ಕಡೆತದ ಯಂತ್ರದ ಮೇಲೆ ತಿರುಗಿ ತಿರುಗಿ, ಹಳದಿ ಅರಗು ಬಳಿದರೆ ರಾಜನಾಗುವುದನ್ನೂ ಕೆಂಪು ಬಳಿದರೆ ಸಿಪಾಯಿಯಾಗುವುದನ್ನೂ ನೋಡುತ್ತ ಬೆಳೆದವನು ಇವನು. ಗೊಂಬೆಯ ಕೆಲಸ ಬೇಡವೆಂದು ಕಾರ್ಖಾನೆ ಸೇರಿದ. ಅಲ್ಲಿ ಎಂಜಿನ್ನಿಗೆ ನೀರು ಹರಿಸುವ ಪಂಪು ತಯಾರಾಗುತ್ತಿತ್ತು. ಅಚ್ಚು ಒಂದು, ಲೋಹ ಒಂದು, ತಿರುಪು ಬಿಗಿಯುವ ಕೈಯೂ ಒಂದು. ಬೆಳಿಗ್ಗೆ ಆ ಪಂಪನ್ನು ನೀಲಿ ಡಬ್ಬಕ್ಕೆ ಹಾಕುತ್ತಿದ್ದರು, ಊಟವಾದ ಮೇಲೆ ಹಸಿರು ಡಬ್ಬಕ್ಕೆ, ಸಂಜೆಯ ಪಾಳಿಯಲ್ಲಿ ಬೆಳ್ಳಿ ಅಕ್ಷರದ ಕಪ್ಪು ಡಬ್ಬಕ್ಕೆ. ಮೂರು ಡಬ್ಬಕ್ಕೆ ಮೂರು ಹೆಸರು, ಮೂರು ಶೋರೂಮು. ಸೇರಿದ ಒಂಬತ್ತನೇ ದಿನ ಗೌಸ್ ನಕ್ಕುಬಿಟ್ಟನಂತೆ. ಮೇಸ್ತ್ರಿ ಗದರಿಸಿದಾಗ, "ಏನಿಲ್ಲ ಸಾರ್, ನಮ್ಮಪ್ಪನ ಪಟ್ಟಡಿ ಜ್ಞಾಪಕ ಬಂತು" ಅಂದನಂತೆ.

ಅಲ್ಲಿಂದ ಹಿಡಿದ ಹುಚ್ಚು ಇದು, ಕಾರ್ಖಾನೆ ಬಿಟ್ಟು ಈ ಶೆಡ್ಡು ಹಾಕಿದ ಮೇಲೂ ಬಿಡಲಿಲ್ಲ. ಯಾವ ದೊಡ್ಡ ಗುಂಪು ಯಾವ ಕಂಪನಿಯನ್ನು ಕೊಂಡಿತು, ಯಾವ ಹೆಸರನ್ನು ಉಳಿಸಿಕೊಂಡಿತು, ಯಾವುದನ್ನು ಮುಚ್ಚಿತು ಎಂಬುದನ್ನೆಲ್ಲ ಹಳೆಯ ಪತ್ರಿಕೆಗಳಿಂದ, ಬಿಡಿಭಾಗದ ಪಟ್ಟಿಗಳಿಂದ, ಈಚೆಗೆ ಮೊಬೈಲಿನಿಂದ ಹೆಕ್ಕಿ ಹೆಕ್ಕಿ ತಲೆಯಲ್ಲಿ ತುಂಬಿಕೊಂಡ. ಶೆಡ್ಡಿನ ಹಿಂಗೋಡೆಗೆ ಎರಡು ಹಲಗೆ ಬಡಿದು, ಗುಜರಿಯಿಂದ ತಂದ ಲಾಂಛನಗಳನ್ನು ಮರದ ಕೊಂಬೆಯ ಹಾಗೆ ಜೋಡಿಸಿ ಮೊಳೆ ಹೊಡೆದಿದ್ದಾನೆ. ಹೆತ್ತ ಹೆಸರುಗಳಿಗೆ ಕಬ್ಬಿಣದ ಮೊಳೆ, ಕೊಂಡು ತಂದ ಹೆಸರುಗಳಿಗೆ ಹಿತ್ತಾಳೆಯದು.

"ಒಂದೇ ಮನೆಯದಾದರೆ ಒಂದೇ ಹೆಸರಿಟ್ಟುಕೊಂಡು ಮಾರಬಾರದೇನೋ?" ಎಂದು ನಾನು ಒಮ್ಮೆ ಕೇಳಿದ್ದೆ.

"ಅದೆಂಗಾದದು ಮಾಸ್ತರೇ?" ಎಂದು ಟೀ ಲೋಟ ಕೆಳಗಿಟ್ಟ. "ದೊಡ್ಡಮ್ಮ ಬಲು ಬುದ್ಧಿವಂತೆ. ಹನ್ನೊಂದು ಜನ ಹೆಣ್ಮಕ್ಳು. ಒಬ್ಳಿಗೆ ರೇಷ್ಮೆ ಉಡುಸ್ತಾಳೆ, ಒಬ್ಳಿಗೆ ನೂಲು. ಒಬ್ಳ ಗಿರಾಕಿ ಇನ್ನೊಬ್ಳ ಬಾಗ್ಲಿಗೆ ಬರಂಗಿಲ್ಲ. ಅಡುಗೆಮನೆ ಮಾತ್ರ ಒಂದೇ. ಎಲ್ರಿಗೂ ಒಂದೇ ಹೆಸ್ರಿಟ್ರೆ, ನಮ್ ಗುತ್ತಿಗೆದಾರ ಕೆಂಪರಾಜು ರೇಷ್ಮೆಹುಳ ಸಾಗ್ಸೋ ಯಾನಿನ ಹೆಸ್ರಿರೋ ಕಾರು ತಕತಾನಾ? ಸಾಯಂಗಂಟ ತಕಳಕಿಲ್ಲ."

ಒಳಗಿಂದ ನೂರ್ಜಹಾನಳ ದನಿ ಬಂತು: "ಕಾರುಗಳ ಮುತ್ತಜ್ಜಿ ಹೆಸರೆಲ್ಲ ಬಾಯಿಪಾಠ. ಇವರ ತಾತನ ತಂದೆ ಹೆಸರೇನು ಕೇಳಿ ನೋಡಿ!" ಗೌಸ್ ಹುಣಿಸೆ ಮರದ ಕಡೆ ನೋಡತೊಡಗಿದ.

ಇಷ್ಟು ಬಲ್ಲವನು ಎಡವಿದ್ದೂ ಈ ಬಲ್ಲತನದಿಂದಲೇ. ಐದು ವರ್ಷದ ಹಿಂದೆ ಮಾಗಡಿಯ ಮನೋಹರ್ ಮೇಷ್ಟರ ವೆಲ್ಕಾ ಕಾರು ಬಂದಿತ್ತು. ಪಂಪು ಹೋಗಿತ್ತು. ವೆಲ್ಕಾ ಕೂಡ ಅದೇ ದೊಡ್ಡ ಮನೆಯದು. ಗೌಸ್ ಅದರ ಅಕ್ಕನ ಪಂಪನ್ನು ತಂದು ಹಾಕಿದ. ತೂತಿಗೆ ತೂತು ಸರಿ, ಬೋಲ್ಟಿಗೆ ಬೋಲ್ಟು ಸರಿ. ಕುದೂರು ದಾಟುವ ಹೊತ್ತಿಗೆ ಎಂಜಿನ್ ಬೆಂದುಹೋಗಿತ್ತು. ಬಿಚ್ಚಿ ನೋಡಿದರೆ, ವೆಲ್ಕಾ ಆ ಮನೆಯಲ್ಲಿ ಹುಟ್ಟಿದ್ದಲ್ಲ, ಕೊಂಡು ತಂದದ್ದು. ದತ್ತು ಮಗಳು ತವರಿನ ಎಂಜಿನ್ನನ್ನೇ ಇಟ್ಟುಕೊಂಡಿದ್ದಳು. ಆ ಎಂಜಿನ್ನಿನಲ್ಲಿ ಬೆಲ್ಟು ಪಂಪನ್ನು ತಿರುಗಿಸುವುದು ಎಡಕ್ಕೆ. ಗೌಸ್ ಹಾಕಿದ ಪಂಪಿನ ಒಳಗಿನ ಎಸಳುಗಳು ಬಾಗಿದ್ದು ಬಲಕ್ಕೆ ತಿರುಗುವುದಕ್ಕೆ. ಪಂಪು ತಿರುಗಿಯೇ ತಿರುಗಿತು, ನೀರು ಮಾತ್ರ ಸರಿಯಾಗಿ ಹರಿಯಲಿಲ್ಲ. ಗೌಸ್ ನೆವ ಹೇಳಲಿಲ್ಲ. ಆರು ವಾರ ಕೂತು ಆ ಎಂಜಿನ್ನನ್ನು ತಾನೇ ಕಟ್ಟಿಕೊಟ್ಟ. ಹಿತ್ತಾಳೆಯ ಮೊಳೆ ಹಲಗೆಗೆ ಬಂದದ್ದು ಆಮೇಲೆ. 'ತಾಯಿ ಯಾರು' ಎಂಬ ಪ್ರಶ್ನೆಗೆ ಬಾಲವೊಂದು ಸೇರಿಕೊಂಡದ್ದೂ ಆಮೇಲೆ: "ಹೆತ್ತಿದ್ದಾ, ಸಾಕಿದ್ದಾ?"

ಕಳೆದ ಮಾರ್ಚಿನ ಒಂದು ಬೆಳಿಗ್ಗೆ, ಏಳು ಗಂಟೆಯ ಸುಮಾರಿಗೆ, ಅಕ್ಕೂರಿನ ರಮ್ಯಾಳ ತಾರಕ್ ವ್ಯಾನು, ನಮ್ಮವರ ಬಾಯಲ್ಲಿ ಯಾನು, ಆವಿ ಕಕ್ಕುತ್ತ ಹುಣಿಸೆ ಮರದ ಕೆಳಗೆ ನಿಂತಿತು. ರಮ್ಯಾ ಮರಿಹುಳುಗಳ ಚಾಕಿ ಕೇಂದ್ರ ನಡೆಸುವ ಗಟ್ಟಿಗಿತ್ತಿ. ಮೊಟ್ಟೆಯಿಂದ ಎರಡನೇ ಜ್ವರದವರೆಗೆ ರೇಷ್ಮೆಹುಳುಗಳನ್ನು ಸಾಕಿ, ತಂಪು ಪೆಟ್ಟಿಗೆ ಕೂರಿಸಿದ ಆ ಯಾನಿನಲ್ಲಿ ರೈತರ ಮನೆಗಳಿಗೆ ಮುಟ್ಟಿಸುತ್ತಾಳೆ. ಪೊರೆ ಬಿಡುವ ಮುಂಚೆ ಹುಳು ಮೇವು ಬಿಟ್ಟು ಮಂಕಾಗಿ ಕೂರುವುದಕ್ಕೆ ನಮ್ಮವರು ಜ್ವರ ಎನ್ನುತ್ತಾರೆ. ಜ್ವರದಲ್ಲಿ ಇರುವಾಗಲೇ ಸಾಗಿಸಬೇಕು. ಎದ್ದ ಮೇಲೆ ಸೊಪ್ಪು ಸಿಗದಿದ್ದರೆ ಆ ಬೆಳೆ ಕೊನೆಯವರೆಗೂ ಚೇತರಿಸಿಕೊಳ್ಳುವುದಿಲ್ಲ. ಅಂದು ಯಾನಿನಲ್ಲಿದ್ದದ್ದು ಕನಕಪುರದ ದಾರಿಯ ಹದಿನಾರು ಮನೆಗಳ ಹುಳು.

"ಮಧ್ಯಾಹ್ನ ಒಂದರೊಳಗೆ ಏಳ್ತವೆ ಗೌಸಣ್ಣ" ಎಂದಳು ರಮ್ಯಾ. "ಆಟೋಗೆ ಹಾಕ್ಕಂಡು ಹೋಗವಾ ಅಂದ್ರೆ ಈ ಬಿಸ್ಲಿಗೆ, ಗಾಳಿಗೆ ಒಣಗೋಯ್ತವೆ. ತಾರಕ್ ಕಂಪನಿಯೋರ್ಗೆ ಫೋನ್ ಮಾಡಿದ್ರೆ, ಆ ಹೆಸರೇ ನಿಲ್ಸಿ ಎರಡು ವರ್ಷ ಆಯ್ತು, ಪಂಪು ಬರಕ್ಕೆ ಹದಿನೆಂಟು ದಿನ ಅಂತಾರೆ."

"ಹೆಸ್ರು ನಿಂತದೆ ತಾಯಿ. ಮನೆತನ ನಿಂತಿಲ್ಲ."

ನೂರ್ಜಹಾನ್ ಆಗಲೇ ಶೆಡ್ಡಿನ ಹಿಂದಿನ ಮನೆಯ ಕಿಟಕಿಗಳಿಗೆ ಒದ್ದೆ ಗೋಣಿ ಇಳಿಬಿಟ್ಟು, ಮಂಚವನ್ನು ಗೋಡೆಗೆ ಸರಿಸಿ, ತಟ್ಟೆ ತಟ್ಟೆ ಹುಳುಗಳನ್ನು ಒಳಗೆ ಇಡಿಸುತ್ತಿದ್ದಳು. ರೇಷ್ಮೆ ಬಿಚ್ಚುವವರ ಮನೆಯ ಮಗಳು, ಅವಳಿಗೆ ಹೇಳಿಕೊಡಬೇಕಾದ್ದಿರಲಿಲ್ಲ.

ಗೌಸ್ ಹಲಗೆಯ ಮುಂದೆ ನಿಂತ. ತಾರಕ್ ಹಿತ್ತಾಳೆಯ ಮೊಳೆಯದು. ಗುಂಪು ಅದನ್ನು ಕೊಂಡದ್ದು ಒಂಬತ್ತು ವರ್ಷದ ಹಿಂದೆ. ಯಾನು ಎಂಟು ವರ್ಷ ಹಳೆಯದು. ಕೊಂಡ ಮೊದಲ ವರ್ಷಗಳಲ್ಲಿ ಕೆಲವಕ್ಕೆ ತವರಿನ ಎಂಜಿನ್ನು, ಕೆಲವಕ್ಕೆ ಅತ್ತೆಮನೆಯದು. ಅತ್ತೆಮನೆಯದಾದರೆ ಪಂಪು ಅವನ ಗೂಡಿನಲ್ಲೇ ಇತ್ತು, ಬೆಳ್ಳಿ ಅಕ್ಷರದ ಕಪ್ಪು ಡಬ್ಬದಲ್ಲಿ. ಆದರೆ ಅದು ಬೈರಮಂಗಲದ ಕೆಂಪರಾಜುವಿನ ಡೊರೆಲ್ ಕಾರಿಗೆ ತರಿಸಿದ್ದು, ವಾರ ಬಿಟ್ಟು ಹಾಕಬೇಕಾದದ್ದು. ಗೌಸ್ ಫೋನು ಮಾಡಿದ. ಕೆಂಪರಾಜು ಶಾಲೆಯಲ್ಲಿ ಇವನ ಬೆಂಚಿನವನು, ಈಗ ದೊಡ್ಡ ಗುತ್ತಿಗೆದಾರ. ಅವನಿಗೆ ಈ ಮಾತು ಫೋನಿನಲ್ಲಿ ಮುಗಿಯುವಂಥದ್ದಲ್ಲವೆಂದು ಕಂಡಿತು. ಅರ್ಧ ಗಂಟೆಯಲ್ಲಿ ಡೊರೆಲ್ ಬಂದು ತಾರಕ್ಕಿನಿಂದ ಇಪ್ಪತ್ತು ಅಡಿ ದೂರ ನಿಂತಿತು.

"ಏನ್ಲಾ ಗೌಸು, ತಲೆ ಕೆಟ್ಟದಾ? ನನ್ ಡೊರೆಲ್ಲಿಂದು ಈ ಡಬ್ಬಕ್ಕೆ ಕೂತ್ಕತದಾ?"

"ಕೂತ್ಕತದೆ ಅಂತ್ಲೇ ಕರ್ದಿದ್ದು ಕಣ್ಲಾ."

"ಊರಿಗೆ ಗೊತ್ತಾದ್ರೆ ನಾನು ಹೆಂಗ್ಲಾ ತಲೆ ಎತ್ಕಂಡು ತಿರುಗ್ಲಿ? ಹುಳದ ಯಾನಿಗೂ ನನ್ ಕಾರಿಗೂ ನೆಂಟಸ್ತಿಕೆ ಅಂದ್ರೆ!"

"ನಿನ್ ಕಾರ್ಗೆ ಏನೂ ಕಮ್ಮಿ ಆಗಿಲ್ಲ. ಯಾನಿಗೆ ಬಡ್ತಿ ಸಿಕ್ಕದೆ ಅನ್ಕೊ. ಒಳಗೋಗಿ ಆ ಹುಳ ಒಸಿ ನೋಡು, ಆಮೇಲೆ ಮಾತಾಡು."

ಕೆಂಪರಾಜು ಒಳಗೆ ಹೋದ. ಗೋಣಿಯ ತಂಪಿನಲ್ಲಿ, ತಲೆ ಎತ್ತಿಕೊಂಡು ಅಲುಗದೆ ಕೂತ ಸಾವಿರಾರು ಹುಳು. ಅವನ ತಾಯಿ ಬೋರಮ್ಮ ಬದುಕಿರುವ ತನಕ ಅವರ ಮನೆಯಲ್ಲೂ ಹುಳು ಸಾಕುತ್ತಿದ್ದರು. ಹೊರಗೆ ಬಂದವನು ಚಪ್ಪಲಿ ಹಾಕಿಕೊಳ್ಳುತ್ತ, ಯಾರ ಮುಖವನ್ನೂ ನೋಡದೆ, "ಹನ್ನೆರಡಕ್ಕೇ ಎದ್ದುಬುಡ್ತವೆ ಅವು. ಬೇಗ ಬಿಚ್ಲಾ" ಎಂದ.

ಬಿಚ್ಚುವ ಮುಂಚೆ ಗೌಸ್ ಸೀಮೆಸುಣ್ಣ ತಂದು ಪಂಪಿನ ರಾಟೆಯ ಮೇಲೆ ಒಂದು ಗೆರೆ ಎಳೆದ.

"ಗ್ಯಾರಂಟಿ ಐತಾ ಗೌಸಣ್ಣ?" ರಮ್ಯಾಳ ದನಿ ಸಣ್ಣಗಾಗಿತ್ತು. "ದಾರೀಲಿ ನಿಂತ್ರೆ ಹದಿನಾರು ಮನೆಗೂ ನಾನೇ ಉತ್ತರ ಹೇಳ್ಬೇಕು."

"ಇಲ್ಲ ತಾಯಿ, ಇನ್ನೂ ಇಲ್ಲ. ಮನೋಹರ್ ಮೇಷ್ಟ್ರ ಕಾರು ಸುಟ್ಟೋನು ನಾನೇ. ನಾನು ಎಂಜಿನ್ನ ಸ್ಪ್ಯಾನರಲ್ಲಿ ತಿರುಗುಸ್ತೀನಿ. ಗೆರೆ ಯಾವ ಕಡೀಕೆ ಓಡ್ತದೆ ನೀನೇ ನೋಡಿ ಹೇಳು."

ಎಂಜಿನ್ ನಿಧಾನವಾಗಿ ಹೊರಳಿತು. ಬಿಳಿಯ ಗೆರೆ ಒಂದು ಕ್ಷಣ ತಡೆದು, ಮೆಲ್ಲಗೆ ಜಾರಿತು.

"ಬಲಕ್ಕೆ" ಎಂದಳು ರಮ್ಯಾ.

"ಇನ್ನೊಂದ್ಸಲ."

"ಬಲಕ್ಕೇ ಗೌಸಣ್ಣ. ಬಲಕ್ಕೆ!"

ಗೌಸ್ ಕಪ್ಪು ಡಬ್ಬ ತೆರೆದು, ಹೊಸ ಪಂಪಿನ ಎಸಳುಗಳ ಮೇಲೆ ಹೆಬ್ಬೆರಳಾಡಿಸಿದ. ಬಾಗು ಬಲಕ್ಕೆ ಹೊಂದುವಂತೆಯೇ ಇತ್ತು. ಹಳೆಯ ಪಂಪನ್ನು ಇಳಿಸಿ ಎರಡನ್ನೂ ಪಕ್ಕಪಕ್ಕ ಇಟ್ಟಾಗ, ಮಸಿ ಹಿಡಿದ ಲೋಹದ ಬೆನ್ನಿನ ಮೇಲೆ, ಬಿಡದಿಯ ಅಚ್ಚಿನ ಸಣ್ಣ ನಕ್ಷತ್ರದ ಗುರುತು ಎರಡರಲ್ಲೂ ಒಂದೇ ಜಾಗದಲ್ಲಿ ಮೂಡಿತ್ತು. ಗೌಸ್ ಆ ಗುರುತನ್ನು ಕೋಟಿನ ತುದಿಯಿಂದ ಒರೆಸಿ, ಗೆಳೆಯನ ಮುಖದ ಮುಂದೆ ಹಿಡಿದ. "ನೋಡ್ಕೊಪ್ಪಾ. ನಿನ್ ಕಾರಿನ ಹುಟ್ಟುಮಚ್ಚೆ." ಡೊರೆಲ್ಲಿನ ರಾಟೆಗೆ ಬೆಲ್ಟು ಕೂರುವ ಗೀರು ಆರು, ತಾರಕ್ಕಿನದಕ್ಕೆ ಐದು. ರಾಟೆಯನ್ನಷ್ಟೇ ಬದಲಿಸಿ, ಹಳೆಯದನ್ನೇ ಹೊಸ ಪಂಪಿಗೆ ತೊಡಿಸಿದ. ಟಾರ್ಚು ಹಿಡಿದು ನಿಂತವನು ಕೆಂಪರಾಜು. ಬಿಳಿಯ ಅಂಗಿಯ ತೋಳಿಗೆ ಗ್ರೀಸು ತಾಗಿದರೂ ಅವನು ಕೈ ಹಿಂದೆಗೆಯಲಿಲ್ಲ.

ಹನ್ನೊಂದು ಗಂಟೆಗೆ ಯಾನು ಗುರುಗುಟ್ಟಿತು. ಕಾಲು ಗಂಟೆ ಓಡಿಸಿ, ಬಿಸಿ ತೋರಿಸುವ ಮುಳ್ಳು ನಡುವಿನಿಂದ ಮೇಲೇರದಿದ್ದುದನ್ನು ಕಂಡ ಮೇಲೆಯೇ ಗೌಸ್ ತಟ್ಟೆಗಳನ್ನು ಹತ್ತಿಸಲು ಬಿಟ್ಟ. ಯಾನು ಕನಕಪುರದ ದಾರಿ ಹಿಡಿದ ಮೇಲೆ ಅವನು ಊಟಕ್ಕೆ ಏಳಲಿಲ್ಲ. ಬೆಂಚಿನ ಮೇಲೆ ಫೋನು ಇಟ್ಟುಕೊಂಡು, ಹಲಗೆಯ ಕಡೆ ಬೆನ್ನು ಹಾಕಿ ಕೂತ. ಒಂದೂವರೆಗೆ ಫೋನು ಬಂತು. ಆ ಕಡೆಯಿಂದ ಮಾತಿಗಿಂತ ಮುಂಚೆ ಕೇಳಿದ್ದು ಒಂದು ಸದ್ದು, ಒಣಗಿದ ಎಲೆಯ ಮೇಲೆ ತುಂತುರು ಬಿದ್ದ ಹಾಗೆ. ರಮ್ಯಾ ಫೋನನ್ನು ತಟ್ಟೆಯ ಹತ್ತಿರ ಹಿಡಿದಿದ್ದಳು. "ಕೊನೇ ಮನೇಲಿದೀನಿ ಗೌಸಣ್ಣ. ಇಲ್ಲಿಗ್ ಬಂದ್ಮೇಲೇ ಎದ್ದವೆ. ಸೊಪ್ಪು ತಿಂತಾವೆ, ಕೇಳಿ."

ಗೌಸ್ ಕೇಳಿಸಿಕೊಂಡ. ಆಮೇಲೆ ಸುತ್ತಿಗೆ ತಗೊಂಡು, ತಾರಕ್ಕಿನ ಲಾಂಛನದ ಹಿತ್ತಾಳೆ ಮೊಳೆಯ ಪಕ್ಕದಲ್ಲಿ ಒಂದು ಕಬ್ಬಿಣದ ಮೊಳೆಯನ್ನೂ ಹೊಡೆದು, ಕೈ ತೊಳೆಯಲು ಹೋದ. ಕೆಂಪರಾಜುವಿನ ಡೊರೆಲ್ಲಿಗೆ ಬೇರೆ ಪಂಪು ಬರಲು ಮೂರು ವಾರ ಹಿಡಿಯಿತು. ಅದೂ ಬಂದು ಎಷ್ಟೋ ದಿನಗಳಾದ ಮೇಲೆ, ಒಂದು ದಿನ ರಸ್ತೆಯಲ್ಲಿ ಹುಳದ ಯಾನು ಎದುರಾದಾಗ ಅವನು ಮೆಲ್ಲಗೆ ಒಂದು ಹಾರನ್ ಹೊಡೆದದ್ದನ್ನು ನಾನೇ ಪಕ್ಕದಲ್ಲಿ ಕೂತು ಕೇಳಿದ್ದೇನೆ. ಬೀಗರನ್ನು ಕಂಡರೆ ಅಷ್ಟಾದರೂ ಮಾಡಬೇಡವೇ?

ಹೆಸರುಗಳನ್ನು ಕೊಳ್ಳುವವರು, ಇಡುವವರು, ಅಳಿಸುವವರು ಎಲ್ಲೋ ದೂರದ ಊರಿನ ಗಾಜಿನ ಕೋಣೆಗಳಲ್ಲಿ ಕೂತಿರುತ್ತಾರೆ. ಅದು ಅವರ ಕಸುಬು, ಅವರು ಅದನ್ನು ಜಾಣತನದಿಂದಲೇ ಮಾಡುತ್ತಾರೆ. ಆದರೆ ನಡುದಾರಿಯಲ್ಲಿ ಗಾಡಿ ನಿಂತಾಗ ಬೇಕಾಗುವುದು ಗೌಸನಂಥವರು: ಹೊಳೆಯುವ ಮೂತಿಯನ್ನು ದಾಟಿ ಕತ್ತಲ ಹೊಟ್ಟೆಗೆ ಕೈಹಾಕುವವರು, ಒಮ್ಮೆ ತಪ್ಪಿದ್ದನ್ನು ಮೊಳೆ ಹೊಡೆದು ನೆನಪಿಟ್ಟುಕೊಳ್ಳುವವರು, ತಮ್ಮ ಮುತ್ತಜ್ಜನ ಹೆಸರು ಗೊತ್ತಿಲ್ಲದಿದ್ದರೂ ಮಂದಿಯ ನೆಂಟಸ್ತಿಕೆಯನ್ನು ಕಾಪಾಡುವವರು. ಇಂಥವರಿಗೆ ಯಾವ ಗುಂಪೂ ಪಟ್ಟ ಕಟ್ಟುವುದಿಲ್ಲ, ಅವರ ಎದೆಯ ಮೇಲಿನ ಪಟ್ಟಿಯ ಜಾಗ ಖಾಲಿಯಾಗಿಯೇ ಉಳಿಯುತ್ತದೆ. ಅವರಿಗೆ ಅದರ ಕೊರತೆಯೇ ಕಾಣುವುದಿಲ್ಲ. ಒಬ್ಬರಿಗೊಬ್ಬರು ಸಂಬಂಧವಿಲ್ಲವೆಂದುಕೊಂಡವರನ್ನು ಒಂದೇ ಅಂಗಳಕ್ಕೆ ಕರೆದು ನಿಲ್ಲಿಸುವುದು ಅವರ ಹುಟ್ಟುಗುಣ, ಮತ್ತು ಅವರು ಇರುವ ತನಕ ಯಾವ ಊರಿನ ಗಾಡಿಯೂ ಪೂರ್ತಿ ಅನಾಥವಾಗುವುದಿಲ್ಲ.