ಓರೆ ಅಕ್ಕ ಸಾಕಿದ ದೊರೆ

ಓರೆ ಅಕ್ಕ ಯಾರ ಬಳಿಗೂ ನೆಟ್ಟಗೆ ನಡೆದು ಬಂದವಳಲ್ಲ. ನಾಯಿಯ ಗೂಡಿಗಾಗಲಿ, ದಿನಸಿ ಅಂಗಡಿಯ ಗಲ್ಲಾಪೆಟ್ಟಿಗೆಯ ಬಳಿಗಾಗಲಿ, ಅರ್ಧಚಂದ್ರಾಕಾರವಾಗಿ ಬಳಸಿಕೊಂಡು, ಮೋರೆಯನ್ನು ತುಸು ಪಕ್ಕಕ್ಕೆ ತಿರುವಿ, ಬಂದದ್ದೇ ತಿಳಿಯದಂತೆ ಬಂದು ನಿಲ್ಲುವಳು. ಬೀದಿನಾಯಿಗಳ ಆಶ್ರಯಧಾಮದಲ್ಲಿ ದುಡಿದು ದುಡಿದು ಮೈಗಂಟಿದ ನಡಿಗೆ ಅದು. ಕಣ್ಣಲ್ಲಿ ಕಣ್ಣಿಟ್ಟು ಎದುರಿಗೆ ಬರುವವರನ್ನು ನಾಯಿ ಹಗೆಯೆಂದೇ ಎಣಿಸುತ್ತದೆ. ಬೇಸಿಗೆಯಲ್ಲೂ ಕಳಚದ ಕಂದು ಕೋಟು, ಅದರ ಜೇಬಿನಲ್ಲಿ ಬೇಯಿಸಿದ ಮಾಂಸದ ಚೂರು, ಮಾತಿಗೊಮ್ಮೆ "ನಿಧಾನ, ನಿಧಾನ". ತಂಗಿ ರೇಗುವಳು: "ಮನೆಗೆ ಬೆಂಕಿ ಬಿದ್ರೂ ನೀನು ನಿಧಾನ ಅಂತೀಯ ಕಣೇ ಅಕ್ಕ!"

ಮುಚ್ಚಿಹೋದ ಮರದ ಮಿಲ್ಲಿನ ಗೇಟನ್ನು ಅನ್ನ ಹಾಕುವವರಿಲ್ಲದಿದ್ದರೂ ಕಾಯುತ್ತಿದ್ದ ದೊಡ್ಡ ನಾಯಿಯೊಂದನ್ನು ಬಲೆ ಹಾಕಿ ಆಶ್ರಯಧಾಮಕ್ಕೆ ತಂದರು. ಅದರ ಗತ್ತು ಕಂಡು ಅಕ್ಕ 'ದೊರೆ' ಎಂದು ಹೆಸರಿಟ್ಟಳು. ಗೂಡಿನ ಮೂಲೆಗೆ ನೆರಳು ಬಿದ್ದರೂ ಅದು ಹಲ್ಲು ಕಿರಿಯುತ್ತಿತ್ತು.

"ಇನ್ನೊಬ್ರನ್ನ ಕಚ್ಚಿದ್ರೆ ಇಂಜೆಕ್ಷನ್ ಕೊಟ್ಟು ಶಾಶ್ವತವಾಗಿ ಮಲಗಿಸೋದೇ, ಅಕ್ಕ" ಎಂದರು ಅಲ್ಲಿನ ನಾಯಿಗಳ ಡಾಕ್ಟರು.

"ಕೆಟ್ಟವನಲ್ಲ ಡಾಕ್ಟ್ರೇ. ಇರೋ ಅಷ್ಟಗಲ ಜಾಗಾನೂ ಕಿತ್ಕೋತಾರೆ ಅಂತ ಭಯ ಅವನಿಗೆ."

ಕುರುಡು ಮುದಿ ನಾಯಿಯೊಂದರ ಹಾಸನ್ನು ದೊರೆಯ ಗೂಡಿಗೂ ದೊರೆಯದನ್ನು ಅದರ ಗೂಡಿಗೂ ಹಾಕಿ, ಮೊದಲು ವಾಸನೆಗಳ ನಂಟು ಬೆಳೆಸಿದಳು. ಆಮೇಲೆ ಇಬ್ಬರದೂ ಅಲ್ಲದ ಖಾಲಿ ಬಯಲಲ್ಲಿ ದೂರದೂರವಾಗಿ ಜೊತೆಗೆ ನಡೆಸುತ್ತ, ವಾರ ಕಳೆದಂತೆ ನಡುವಿನ ಅಂತರವನ್ನು ಕರಗಿಸಿದಳು. ಗುರ್ ಎಂದಾಗ ನಿಂತಳು, ಸುಮ್ಮನಾದಾಗ ತಿನ್ನಿಸಿದಳು. ಒಂದು ಮಧ್ಯಾಹ್ನ ಎರಡೂ ಬೆನ್ನಿಗೆ ಬೆನ್ನು ಹಚ್ಚಿ ಮಲಗಿದ್ದನ್ನು ಕಂಡು ಕೋಟಿನ ತೋಳಿನಿಂದ ಕಣ್ಣೊರೆಸಿಕೊಂಡಳು. ಅಪರಿಚಿತರ ಕೈಯಿಂದಲೂ ತಿನ್ನಲು ಕಲಿತ ದೊರೆಯನ್ನು, ಹೆಂಡತಿ ಸತ್ತ ಮೇಲೆ ಒಂಟಿಯಾಗಿದ್ದ ದರ್ಜಿಯೊಬ್ಬರು ಮನೆಗೆ ಕರೆದೊಯ್ದರು.

ಮಳೆಗಾಲ ಮುಗಿಯುವಷ್ಟರಲ್ಲಿ ಅದೇ ದರ್ಜಿ, ಅಂಗಡಿಯ ಹೊಸ ಬಟ್ಟೆಯಲ್ಲಿ ಸುತ್ತಿದ, ಉಸಿರು ನಿಂತ ದೊರೆಯನ್ನು ಎತ್ತಿಕೊಂಡು ಬಂದರು. ತೆರೆದ ಬಾಗಿಲಿನಿಂದ ಹೊರಬಿದ್ದವನು ಪಕ್ಕದ ಬೀದಿಯ ಅಂಗಳಕ್ಕೆ ಹೊಕ್ಕಿದ್ದ; ಅಲ್ಲಿದ್ದವರು ಬೆದರಿ ಕಬ್ಬಿಣದ ಸಲಾಕೆ ಎತ್ತಿದ್ದರು.

"ಬಾಲ ಆಡಿಸ್ಕೊಂಡೇ ಹೋದ್ನಂತಮ್ಮ. ಒಂದು ಸಲಾನೂ ಗುರ್ ಅನ್ಲಿಲ್ವಂತೆ."

"ನೋವಿಗಾದ್ರೂ ಕಚ್ಚಿದ್ನಾ?"

"ಇಲ್ಲಮ್ಮ."

ಅಕ್ಕ ಬಟ್ಟೆಯ ಅಂಚು ಸರಿಪಡಿಸಿದಳು. "ಕಚ್ಚಬೇಕಿತ್ತು" ಎಂದಳು.

ಕೆಲವು ದಿನ ಅವಳು ಮನೆಬಿಟ್ಟು ಹೊರಡಲಿಲ್ಲ. ಮರಳಿ ಬಂದಾಗ ಆ ಗೂಡಿನಲ್ಲಿ ಇನ್ನೊಂದು ನಾಯಿ ಗುರುಗುಟ್ಟುತ್ತಿತ್ತು. ಗುಡಿಸುವವಳು ಪೊರಕೆ ಎತ್ತಿ ಗದರಿದಳು. "ಗದರಬೇಡ್ವೇ," ಎಂದು ಅಕ್ಕ ನೆಲದ ಮೇಲೆ ಕೂತಳು, "ಅದರ ಗುರ್ ಅನ್ನೋ ಮಾತು ಅದಕ್ಕಿರಲಿ." ಅಂದಿನಿಂದ ಅವಳ ಪಳಗಿಸುವಿಕೆ ಇನ್ನಷ್ಟು ನಿಧಾನವಾಯಿತು, ನಿಲ್ಲಲಿಲ್ಲ.

ಬೆದರಿದ ಜೀವದ ಹೆದರಿಕೆ ಬಿಡಿಸುವುದು ಇಂಥವರಿಗೆ ಗೊತ್ತು. ಬೆದರಿಸಿದ ಲೋಕವನ್ನು ಪಳಗಿಸುವುದು ಅವರ ಕೈಯಲ್ಲಿಲ್ಲ. ಆದರೂ 'ಹೋಗು, ಏನೂ ಆಗಲ್ಲ' ಎಂದು ಬೆನ್ನು ಸವರಿ ಕಳಿಸುವಾಗ ಅವರು ಆ ಲೋಕಕ್ಕೆ ಜಾಮೀನು ನಿಂತಿರುತ್ತಾರೆ. ಲೋಕ ಮಾತು ತಪ್ಪಿದಾಗಲೆಲ್ಲ ದಂಡ ತೆರುವವರೂ ಅವರೇ.