‘ಅಂದರೆ’ ಮೇಡಂ ಬರೆದ ಎರಡನೆಯ ಅರ್ಥ

ಮಾತಾಡುತ್ತಿರುವವರನ್ನು ನಡುವೆಯೇ ತಡೆದು “ಅಂದರೆ?” ಎಂದು ಕೇಳುವುದು ಅವರಿಗೆ ಹುಟ್ಟಿನಿಂದ ಬಂದ ಗುಣವೋ, ವೃತ್ತಿಯಿಂದ ಅಂಟಿದ ಚಾಳಿಯೋ ಎಂಬುದು ನಮಗೆ ಕೊನೆಯವರೆಗೂ ಬಗೆಹರಿಯಲಿಲ್ಲ. ಪ್ರಯೋಗಾಲಯದ ಅಟೆಂಡರ್ ಬಂದು ಗ್ಯಾಸ್ ಮುಗಿದಿದೆ ಎಂದರೆ, ಪೂರ್ತಿ ಮುಗಿದಿದೆಯೋ ಮುಗಿಯುತ್ತಾ ಬಂದಿದೆಯೋ ಎಂಬುದು ಇತ್ಯರ್ಥವಾಗದೆ ಅವನು ಬಾಗಿಲು ದಾಟುವಂತಿರಲಿಲ್ಲ. ಪ್ರಿನ್ಸಿಪಾಲರು ಸಭೆಯಲ್ಲಿ ಕಾಲೇಜಿನ ಸರ್ವತೋಮುಖ ಅಭಿವೃದ್ಧಿಯ ಮಾತನ್ನು ಬಾಯಿಂದ ಹೊರಗೆ ಬಿಡುವಷ್ಟರಲ್ಲಿ ಹಿಂದಿನ ಸಾಲಿನಿಂದ ಆ ಮೂರಕ್ಷರ ತೇಲಿಬರುತ್ತಿತ್ತು. ಅಭಿವೃದ್ಧಿ ಅಲ್ಲಿಗೇ ನಿಲ್ಲುತ್ತಿತ್ತು. ಕೊಂಕಿಲ್ಲ, ಕೋಪವಿಲ್ಲ; ನಿಜವಾಗಿಯೂ ತಿಳಿಯಬೇಕೆಂಬ ಮಗುವಿನ ಕುತೂಹಲ ಆ ಪ್ರಶ್ನೆಯಲ್ಲಿರುತ್ತಿತ್ತು, ಅದಕ್ಕೇ ಅದರಿಂದ ತಪ್ಪಿಸಿಕೊಳ್ಳುವುದು ಅಷ್ಟು ಕಷ್ಟ. ‘ಅಂದರೆ ಮೇಡಂ’ ಎಂದು ಅವರಿಗೆ ಮೊದಲು ಹೆಸರಿಟ್ಟವರು ಯಾರೋ ತಿಳಿಯದು. ನಾವು ವಿದ್ಯಾರ್ಥಿಗಳಾಗಿ ಸೇರುವ ಹೊತ್ತಿಗಾಗಲೇ ಅವರ ನಿಜವಾದ ಹೆಸರು ಸಂಬಳದ ಪಟ್ಟಿಯಲ್ಲಿ ಮಾತ್ರ ಉಳಿದಿತ್ತು.

ಗಿಡ್ಡ ಆಳು, ಸಣಕಲು ಮೈ. ಕಣ್ಣಿಗೆ ಕಾಣದ ಬಾಗಿಲೊಂದನ್ನು ಸದಾ ನೂಕಿಕೊಂಡು ಹೋಗುತ್ತಿರುವವರಂತೆ ಬಲಭುಜವನ್ನು ಮುಂದೆ ಮಾಡಿ ನಡೆಯುತ್ತಿದ್ದರು. ಅವರ ಬಿಳಿಯ ಕೋಟು ಅವರಿಗಿಂತ ದೊಡ್ಡ ಯಾರಿಗೋ ಹೊಲಿದದ್ದು. ತೋಳುಗಳನ್ನು ಮಡಚಿ ಮಡಚಿ ಮೊಣಕೈಗೆ ಏರಿಸಿದ್ದರೂ ಕೆಳ ಅಂಚು ಮೊಣಕಾಲನ್ನು ದಾಟಿ ಇಳಿಯುತ್ತಿತ್ತು, ಎದೆಯ ಜೇಬಿನ ಮೇಲೆ ಎಂದೋ ಬಿದ್ದ ಅಯೋಡಿನ್ನಿನ ಕಲೆ ಒಗೆತಗಳನ್ನೆಲ್ಲ ಗೆದ್ದು ಕೂತಿತ್ತು. ಜೇಬಿನಲ್ಲಿ ಸೀಮೆಸುಣ್ಣ, ಪುಟ್ಟ ಕತ್ತರಿ, ಪೆಪ್ಪರ್‌ಮಿಂಟ್ ಮೂರೂ ಒಟ್ಟಿಗೇ ಸಂಸಾರ ಮಾಡುತ್ತಿದ್ದುದರಿಂದ, ಸರಿಯುತ್ತರ ಹೇಳಿದವರಿಗೆ ಅವರು ಕೊಡುತ್ತಿದ್ದ ಪೆಪ್ಪರ್‌ಮಿಂಟಿಗೆ ಸುಣ್ಣದ ರುಚಿಯಿರುತ್ತಿತ್ತು. ನಾವು ಮರುಮಾತಿಲ್ಲದೆ ನುಂಗುತ್ತಿದ್ದೆವು.

ಅವರು ಕಲಿಸುತ್ತಿದ್ದುದು ಜೀವರಸಾಯನ ವಿಜ್ಞಾನ. ವರ್ಷವಿಡೀ ನಮ್ಮನ್ನು ಹಿಂಡುತ್ತಿದ್ದ ಆ ಶಾಸ್ತ್ರದಲ್ಲಿ ಅವರಿಗೆ ಪ್ರಾಣವಾಗಿದ್ದದ್ದು ಒಂದೇ ಪಾಠ, ಪ್ರೊಹಾರ್ಮೋನುಗಳದ್ದು. ಉದ್ದನೆಯ ಕಾಗದದ ಪಟ್ಟಿಯೊಂದನ್ನು ಮಡಚಿ, ಎರಡು ಕಡೆ ಪಿನ್ನು ಹೊಡೆದು, ಇದು ಪ್ರೊಇನ್ಸುಲಿನ್ ಎಂದು ಎತ್ತಿ ಹಿಡಿಯುತ್ತಿದ್ದರು. ಬಳಿಕ ಜೇಬಿನ ಕತ್ತರಿ ತೆಗೆದು ನಡುವಿನ ತುಂಡನ್ನು ಕತ್ತರಿಸಿದರೆ, ಪಿನ್ನಿನ ಬಲದಿಂದ ಎರಡು ತುಣುಕು ಕೈಯಲ್ಲಿ ಉಳಿದು ಒಂದು ತುಣುಕು ನೆಲಕ್ಕೆ ಬೀಳುತ್ತಿತ್ತು. “ಈಗ ಇದು ಇನ್ಸುಲಿನ್. ಈಗ ಕೆಲಸಕ್ಕೆ ಹೊರಟಿತು,” ಎನ್ನುವಾಗ ಅವರ ಮುಖದಲ್ಲಿ ಮಗಳನ್ನು ಮೊದಲ ದಿನ ಶಾಲೆಗೆ ಕಳಿಸುವ ತಾಯಿಯ ಕಳೆ. ಕತ್ತರಿ ಬೀಳುವ ಮುಂಚಿನದೇ ಪ್ರೊಹಾರ್ಮೋನು. ಹಾರ್ಮೋನಾಗಬೇಕಾದದ್ದು, ಇನ್ನೂ ಆಗದಿರುವುದು. ‘ಪ್ರೊಹಾರ್ಮೋನು ಒಂದು ಬಗೆಯ ಹಾರ್ಮೋನು’ ಎಂದು ಪರೀಕ್ಷೆಯಲ್ಲಿ ಬರೆದವರಿಗೆ ಅವರು ಸೊನ್ನೆ ಹಾಕುತ್ತಿದ್ದರು. ಬೇಡಿಕೊಳ್ಳಲು ಹೋದರೆ ಅದೇ ಪಾಠವನ್ನು ಹೊಸ ಕಾಗದದೊಂದಿಗೆ ಮತ್ತೆ ಮಾಡುತ್ತಿದ್ದರು.

ಓದು ಮುಗಿದ ಮೇಲೆ ನಾನು ಅದೇ ವಿಭಾಗದಲ್ಲಿ ಕೆಲಸಕ್ಕೆ ಸೇರಿದೆ. ಆ ಕಾಲಕ್ಕೆ ವಿಜ್ಞಾನದ ಪದಗಳಿಗೆ ನಮ್ಮ ಭಾಷೆಯಲ್ಲಿ ಅರ್ಥಕೋಶ ಮಾಡುವ ಸಮಿತಿಯೊಂದು ಗ್ರಂಥಾಲಯದ ಮಹಡಿಯ ಕೋಣೆಯಲ್ಲಿ ಸೇರುತ್ತಿತ್ತು. ಮೇಡಂ ಅದರ ಸದಸ್ಯರು. ಟಿಪ್ಪಣಿ ಬರೆದುಕೊಳ್ಳಲು ನನ್ನನ್ನೂ ಎಳೆದೊಯ್ಯುತ್ತಿದ್ದರು. ಅಧ್ಯಕ್ಷರು ನಿವೃತ್ತ ಭಾಷಾ ಪಂಡಿತರು, ಸಮಾಸಪ್ರಿಯರು. ಪ್ರೊಹಾರ್ಮೋನಿನ ಸರದಿ ಬಂದಾಗ ಅವರು ‘ಹಾರ್ಮೋನುಜನಕ’ ಎಂಬ ಪದವನ್ನು ಟಂಕಿಸಿ, ಮೂಗಿನ ತುದಿಗೆ ಜಾರಿದ ಕನ್ನಡಕದ ಮೇಲಿಂದ ಎಲ್ಲರನ್ನೂ ಒಮ್ಮೆ ಪ್ರಸನ್ನವಾಗಿ ನೋಡಿದರು.

“ಅಂದರೆ?” ಎಂದರು ಮೇಡಂ. “ಜನಕ ಅಂದ್ರೆ ಹುಟ್ಟಿಸಿದವನು. ಹುಟ್ಟಿಸಿದ ಮೇಲೂ ಅವನು ಇರ್ತಾನೆ ಸರ್. ಇದು ಇರಲ್ಲ. ಇದೇ ಅದಾಗಿಬಿಡುತ್ತೆ.”

ಸಮಿತಿಯಲ್ಲಿದ್ದ ವೈದ್ಯರು ‘ಅಪಕ್ವ ಹಾರ್ಮೋನು’ ಎಂದು ರಾಜಿಗೆ ಬಂದರು. ಅದೇನು ಕಾಯಿಯೇ, ಅಡೆ ಹಾಕಿ ಹಣ್ಣು ಮಾಡಲು, ಎಂದು ಮೇಡಂ ಅದನ್ನೂ ತಳ್ಳಿದರು. ಥೈರಾಯ್ಡಿನಿಂದ ಬರುವ ಥೈರಾಕ್ಸಿನ್ ಅನ್ನು ಕೆಲವರು ಹಾರ್ಮೋನೆಂದೂ ಕೆಲವರು ಪ್ರೊಹಾರ್ಮೋನೆಂದೂ ಕರೆಯುವುದು, ವಿಟಮಿನ್ ಡಿ ಎಂಬುದು ಹೆಸರಿಗೆ ಮಾತ್ರ ವಿಟಮಿನ್ ಆಗಿ ಕುಲದಲ್ಲಿ ಪ್ರೊಹಾರ್ಮೋನೇ ಆಗಿರುವುದು, ಇವೆಲ್ಲ ಚರ್ಚೆಯಾಗಿ ಮಧ್ಯಾಹ್ನ ಇಳಿಯಿತು. ಕೊನೆಗೆ ‘ಪೂರ್ವಹಾರ್ಮೋನು’ ಎಂಬ ಸಾದಾ ಪದಕ್ಕೆ ಎಲ್ಲರೂ ಒಪ್ಪಿದರು. ಒಪ್ಪಿಗೆಯಲ್ಲಿ ಹಸಿವಿನ ಪಾಲೂ ಇತ್ತು. ಎಲ್ಲರೂ ಏಳುವಾಗ ವೈದ್ಯರು ಮತ್ತೊಂದು ಮಾತು ತೆಗೆದರು. ಈಚೆಗೆ ಜಿಮ್ಮುಗಳಲ್ಲಿ ಮೈ ಹುರಿ ಮಾಡಲೆಂದು ಇದೇ ಹೆಸರಿನಲ್ಲಿ ಮಾತ್ರೆ ಮಾರುತ್ತಾರಂತೆ, ಆ ಅರ್ಥವನ್ನೂ ಸೇರಿಸಬಾರದೇ ಎಂದು. ಮೇಡಂ ಕೋಟಿನ ತೋಳನ್ನು ಇನ್ನೊಂದು ಮಡಿಕೆ ಮೇಲೇರಿಸಿದರು. “ಅಂಗಡಿಯವನು ಡಬ್ಬಿ ಮೇಲೆ ಬರೆದದ್ದೆಲ್ಲ ಅರ್ಥ ಆಗಲ್ಲ ಡಾಕ್ಟರೇ. ಅದು ಅಪಪ್ರಯೋಗ. ಅರ್ಥಕೋಶಕ್ಕೂ ಒಂದು ಹೊಸ್ತಿಲು ಬೇಕು.” ಪದಕ್ಕೆ ಒಂದೇ ಅರ್ಥ ಉಳಿಯಿತು.

ಇಷ್ಟು ಬಿಗಿಯಾದ ಮೇಡಮ್ಮನವರ ಲೋಕದಲ್ಲಿ ಸಡಿಲವಾದ ಗಂಟೊಂದಿದ್ದರೆ ಅದು ಅವರ ತಮ್ಮ. ತಾಯಿ ತೀರಿಕೊಂಡಾಗ ಅವನಿನ್ನೂ ತೊದಲುತ್ತಿದ್ದ. ತಂದೆಗೆ ಊರೂರು ತಿರುಗುವ ಕೆಲಸ. ಕಾಲೇಜಿಗೆ ಹೋಗುತ್ತಿದ್ದ ಅಕ್ಕನೇ ಅವನಿಗೆ ಉಣಿಸಿ, ಉಡಿಸಿ, ಮಗ್ಗಿ ಹೇಳಿಕೊಟ್ಟು ದೊಡ್ಡವನನ್ನಾಗಿ ಮಾಡಿದರು, ತಮ್ಮದೇ ಮದುವೆಯ ಮಾತನ್ನು ಆ ಗಡಿಬಿಡಿಯಲ್ಲಿ ಎಲ್ಲೋ ಇಟ್ಟು ಮರೆತರು. ಮಗ್ಗಿ ಅವನಿಗೆ ಹತ್ತಲಿಲ್ಲ, ವಿಜ್ಞಾನವಂತೂ ಮೂರು ಸಲ ಹೊಡೆತ ಕೊಟ್ಟಿತು. ಆದರೆ ಉಂಡದ್ದು ಮೈಗೆ ಹತ್ತಿತ್ತು. ಸೈಕಲ್ ಅಂಗಡಿಯ ಮೇಲಿನ ದೊಡ್ಡ ಕೋಣೆಯನ್ನು ಬಾಡಿಗೆಗೆ ಹಿಡಿದು ಜಿಮ್ ತೆರೆದ. ಅಕ್ಕ ದೇಹದ ಒಳಗಿನ ವಿಚಾರ ನೋಡಿಕೊಳ್ಳುತ್ತಾಳೆ, ನಾನು ಹೊರಗಿನದು ಎಂದು ಎಲ್ಲರೆದುರೂ ಹೇಳುತ್ತಿದ್ದ. ಸಂಜೆ ಮೋಟರ್‌ಬೈಕಿನಲ್ಲಿ ಅಕ್ಕನನ್ನು ಕರೆದೊಯ್ಯಲು ಬರುತ್ತಿದ್ದವನು, ನಾವು ನಾಲ್ಕು ಜನ ಏದುಸಿರು ಬಿಡುತ್ತ ಸರಿಸುತ್ತಿದ್ದ ಹಳೆಯ ಸೆಂಟ್ರಿಫ್ಯೂಜ್ ಯಂತ್ರವನ್ನು ಒಮ್ಮೆ ಒಬ್ಬನೇ ಅಪ್ಪಿ ಎತ್ತಿ ಪಕ್ಕದ ಕೋಣೆಗೆ ಸಾಗಿಸಿದ್ದ. ಆ ದಿನ ಮೇಡಂ ಮೇಲ್ನೋಟಕ್ಕೆ ಬೈದರೂ ಒಳಗೊಳಗೇ ಹಿಗ್ಗಿದ್ದನ್ನು ನಾವೆಲ್ಲ ಕಂಡೆವು.

ವಿಭಾಗಕ್ಕೆಲ್ಲ ಒಂದೇ ಫೋನು, ಅದು ನನ್ನ ಮೇಜಿನ ಮೇಲೆ. ಒಂದು ಮಧ್ಯಾಹ್ನ ತಮ್ಮನಿಂದ ಕರೆ ಬಂತು, ಮೇಡಂ ಬಂದು ಎತ್ತಿಕೊಂಡರು. ಅವನ ಗಟ್ಟಿ ದನಿ ನನಗೂ ಕೇಳುತ್ತಿತ್ತು.

“ಅಕ್ಕ, ಪ್ರೊಹಾರ್ಮೋನು ಅಂದ್ರೆ ಹಾರ್ಮೋನೇನಾ?”

“ಅಲ್ಲವೋ. ಹಾರ್ಮೋನಿನ ಹಿಂದಿನ ರೂಪ. ತಾನಾಗಿ ಅಷ್ಟೇನೂ ಕೆಲಸ ಮಾಡಲ್ಲ.”

“ಅಂದ್ರೆ ಹಾರ್ಮೋನಲ್ಲ.”

“ಖಂಡಿತ ಅಲ್ಲ. ಪ್ರೊ ಅಂದ್ರೆ ಮುಂಚಿನದು.”

“ನಾನೆಲ್ಲೋ ಪ್ರೊಫೆಷನಲ್ ಅಂದ್ಕೊಂಡಿದ್ದೆ,” ಎಂದು ಅವನು ನಕ್ಕ. ಇವರೂ ನಕ್ಕು ಫೋನಿಟ್ಟರು. ಈ ವಯಸ್ಸಿನಲ್ಲಿ ನನ್ನ ತಮ್ಮನಿಗೆ ನನ್ನ ಪಾಠ ಬೇಕಾಯ್ತು ನೋಡಿ ಎಂದು ವಿಭಾಗವನ್ನೆಲ್ಲ ಸುತ್ತಿ ಹೇಳಿಬಂದರು, ಯಾರೂ ಯಾವ ಉತ್ತರ ಹೇಳದಿದ್ದರೂ ಎಲ್ಲರಿಗೂ ಪೆಪ್ಪರ್‌ಮಿಂಟ್ ಹಂಚಿದರು. ಬದುಕಿನುದ್ದಕ್ಕೂ ಎಲ್ಲರನ್ನೂ ತಡೆದು ಕೇಳಿದ್ದ ಆ ಪ್ರಶ್ನೆಯನ್ನು ಅಂದು ಅವರು ಕೇಳಲಿಲ್ಲ. ತಮ್ಮ ಕೇಳಿದನಲ್ಲ ಎಂಬ ಸಂತೋಷವೇ ಅವರ ಬಾಯಿ ಕಟ್ಟಿತ್ತು.

ಕೆಲವು ತಿಂಗಳ ಬಳಿಕ ಮೋಟರ್‌ಬೈಕ್ ಬರುವುದು ನಿಂತಿತು. ಜಿಮ್ಮಿನಲ್ಲಿ ಜನ ಹೆಚ್ಚಾಗಿದ್ದಾರೆ, ಬಿಡುವಿಲ್ಲ, ರಾತ್ರಿಯೂ ಅಲ್ಲೇ ಮಲಗುತ್ತೇನೆ ಎಂಬ ಉತ್ತರ. ಒಂದು ಸಂಜೆ ಮೇಡಂ ತಾವೇ ಹೊರಟರು. ನನ್ನ ಮನೆಯೂ ಅದೇ ದಾರಿಯಲ್ಲಿದ್ದುದರಿಂದ ಜೊತೆಗೆ ಹೋದೆ. ಮೆಟ್ಟಿಲು ಹತ್ತಿ ಒಳಗೆ ಕಾಲಿಟ್ಟರೆ ಬೆವರು, ರಬ್ಬರಿನ ವಾಸನೆ, ಕಬ್ಬಿಣದ ಸದ್ದು. ತಮ್ಮ ಮೂಲೆಯ ಕುರ್ಚಿಯಲ್ಲಿ ಮುಂಗೈಯನ್ನು ಪರಪರ ಕೆರೆದುಕೊಳ್ಳುತ್ತಾ ಕೂತಿದ್ದ. ತಲೆಯೆತ್ತಿದಾಗ ಅವನ ಕಣ್ಣಿನ ಬಿಳಿ ಭಾಗ ಅರಿಸಿನ ಬಳಿದಂತಿತ್ತು. ಮೇಡಂ ಏನನ್ನೂ ಕೇಳದೆ, ಮಗುವಿಗೆ ಜ್ವರ ನೋಡುವವರಂತೆ ಅವನ ಹಣೆಯ ಮೇಲೆ ಕೈಯಿಟ್ಟು, ಚಪ್ಪಲಿ ಹಾಕ್ಕೋ ಎಂದಷ್ಟೇ ಹೇಳಿದರು.

ಆಸ್ಪತ್ರೆಯಲ್ಲಿ ಲಿವರ್ ಕೆಟ್ಟಿದೆ ಎಂದರು. ಏನು ಸೇವಿಸುತ್ತೀರಿ ಎಂದು ವೈದ್ಯರು ಎಷ್ಟು ವಿಧವಾಗಿ ಕೇಳಿದರೂ ಅವನದು ಒಂದೇ ಮಾತು, ವಿಟಮಿನ್ ಬಿಟ್ಟು ಬೇರೇನಿಲ್ಲ. ಮರುದಿನ ವಾರ್ಡಿನಲ್ಲಿ ನಾನು ಹಣ್ಣು ಕೊಡಲು ಹೋದಾಗ ಮೇಡಂ ಮಂಚದ ಪಕ್ಕದ ಸ್ಟೂಲಿನ ಮೇಲೆ ಒಂದು ಡಬ್ಬಿ ಹಿಡಿದು ಕೂತಿದ್ದರು. ಅವನ ಬಟ್ಟೆಯ ಚೀಲದಲ್ಲಿ ಸಿಕ್ಕಿದ್ದು. ಡಬ್ಬಿಯ ಮೇಲೆ ದಪ್ಪಕ್ಷರದಲ್ಲಿ ಅವರ ಪ್ರಾಣದ ಪದವೇ ಇತ್ತು. ಕನ್ನಡಕ ತೆಗೆದು, ಡಬ್ಬಿಯನ್ನು ಕಣ್ಣಿನ ಹತ್ತಿರ ಹಿಡಿದು, ಸಣ್ಣಕ್ಷರಗಳನ್ನೆಲ್ಲ ಓದುತ್ತಿದ್ದರು.

“ನೀನೇ ಹೇಳಿದ್ಯಲ್ಲ ಅಕ್ಕ, ಹಾರ್ಮೋನಲ್ಲ ಅಂತ,” ಎಂದ ತಮ್ಮ. ದನಿಯಲ್ಲಿ ದೂರು ಇರಲಿಲ್ಲ. “ಅದಕ್ಕೇ ಧೈರ್ಯ ಮಾಡಿದೆ. ಜಿಮ್ಮಿನ ಹುಡುಗರಿಗೂ ಅದನ್ನೇ ಹೇಳಿ ಮಾತ್ರೆ ಕೊಟ್ಟೆ. ನಮ್ಮಕ್ಕ ಹೇಳಿದಾಳೆ ಅಂದೆ.”

“ನಾನು ಹೇಳಿದ್ದು ಸರಿ,” ಎಂದರು ಮೇಡಂ. ಡಬ್ಬಿಯ ಮುಚ್ಚಳ ಬಿಗಿಮಾಡಿ, “ನೀನು ಕೇಳಿದ್ದೇ ಬೇರೆ,” ಎಂದರು.

ಡಬ್ಬಿಯನ್ನು ವೈದ್ಯರ ಕೈಗೆ ಕೊಟ್ಟು, ನಡೆದದ್ದನ್ನೆಲ್ಲ ತಿಳಿಸಿ, ಅವರು ಅಲ್ಲಿಂದ ನೇರ ಜಿಮ್ಮಿಗೆ ನಡೆದರು, ನಾನೂ ಹಿಂಬಾಲಿಸಿದೆ. ಕಾಲೇಜಿನಿಂದ ಬಂದ ಕೋಟಿನಲ್ಲೇ ಇದ್ದರು. ಅವರಿಗಿಂತ ಎರಡರಷ್ಟು ಎತ್ತರದ, ನಾಲ್ಕರಷ್ಟು ಅಗಲದ ಯುವಕರ ನಡುವೆ ನಿಂತು, ಎಲ್ಲರೂ ಕೈಯಲ್ಲಿರುವುದನ್ನು ಕೆಳಗಿಡಿ ಎಂದರು. ಇಟ್ಟರು. ಪಾಠ ಶುರುಮಾಡಲು ಹೋಗಿ ಮಾತು ಎರಡು ಸಲ ತಡವರಿಸಿತು. ಅವರು ಹಾಗೆ ತಡವರಿಸಿದ್ದನ್ನು ನಾನು ಅದಕ್ಕೆ ಮುಂಚೆ ಕಂಡಿರಲಿಲ್ಲ. ಗುಂಪಿನಲ್ಲೊಬ್ಬ, ಇದು ನಮ್ಮ ದೇಹದಲ್ಲೇ ಇರೋದಲ್ವಾ ಮೇಡಂ ಎಂದು ಕೇಳಿದ ಮೇಲೆ ದನಿ ನೆಟ್ಟಗಾಯಿತು.

“ದೇಹದಲ್ಲಿರೋದನ್ನ ದೇಹ ತನಗೆ ಬೇಕಾದಾಗ, ಬೇಕಾದಷ್ಟೇ ಹಾರ್ಮೋನು ಮಾಡ್ಕೊಳ್ಳುತ್ತೆ. ಡಬ್ಬೀಲಿರೋದು ಅದಲ್ಲ, ಕಾರ್ಖಾನೇಲಿ ತಿದ್ದಿ ಮಾಡಿದ್ದು. ಒಳಗೆ ಸುರಿದ ಮೇಲೆ ಸಾಕು ಅನ್ನೋರು ಯಾರೂ ಇರಲ್ಲ, ಅಷ್ಟೂ ಲಿವರ್ ಮೇಲೆ ಬೀಳುತ್ತೆ. ನನ್ನ ತಮ್ಮ ಆಸ್ಪತ್ರೇಲಿ ಮಲಗಿದ್ದಾನೆ. ಇದು ಹಾರ್ಮೋನಲ್ಲ ಅಂತ ಅವನಿಗೆ ಹೇಳಿದವಳು ನಾನೇ.”

ಒಬ್ಬ ಟವೆಲ್ ಹೆಗಲಿಗೆ ಹಾಕಿಕೊಂಡು ಎದ್ದುಹೋದ, ಮತ್ತೆ ಬರಲಿಲ್ಲ. ಬೇರೆ ಜಿಮ್ಮಿಗೆ ಸೇರಿದನೆಂದು ಆಮೇಲೆ ತಿಳಿಯಿತು. ಉಳಿದವರನ್ನು ಮೇಡಂ ಕೋಳಿ ಮರಿಗಳನ್ನು ಅಟ್ಟಿಕೊಂಡು ಹೋಗುವಂತೆ ರಕ್ತಪರೀಕ್ಷೆಗೆ ಕರೆದೊಯ್ದರು. ಕೆಲವರ ಲಿವರಿಗೆ ಆಗಲೇ ಪೆಟ್ಟು ಬೀಳತೊಡಗಿತ್ತು. ಮಾತ್ರೆ ಬಿಟ್ಟ ಮೇಲೆ ಸರಿಹೋಯಿತು. ತಮ್ಮನಿಗೆ ತಡವಾಯಿತು. ಕಣ್ಣಿನ ಹಳದಿ ಇಳಿದರೂ ತುರಿಕೆ ಇಳಿಯದೆ ರಾತ್ರಿಯೆಲ್ಲ ಒದ್ದಾಡುತ್ತಿದ್ದ. ಮೈ ಇಳಿದು, ಅಂಗಿಗಳು ಗೂಟಕ್ಕೆ ನೇತುಹಾಕಿದಂತೆ ಜೋತಾಡಿದವು. ಆದರೆ ಉಳಿದುಕೊಂಡ. ಜಿಮ್ಮಿನ ಕಪಾಟಿನ ಡಬ್ಬಿಗಳನ್ನೆಲ್ಲ ತಾನೇ ಬಚ್ಚಲಿಗೆ ಸುರಿದ. ಹಳಬರಲ್ಲಿ ಅರ್ಧ ಮಂದಿ ಬಿಟ್ಟುಹೋದರು. ಅವರ ಜಾಗಕ್ಕೆ ಮಂಡಿನೋವಿನ ಹಿರಿಯರು ಬರತೊಡಗಿದರು, ಅವನು ಅವರಿಗೆ ಮೆಲ್ಲಗೆ ಕಾಲೆತ್ತುವುದನ್ನು ಕಲಿಸಿದ.

ಅರ್ಥಕೋಶ ಆ ಹೊತ್ತಿಗೆ ಅಚ್ಚಿನ ಮನೆಯಲ್ಲಿತ್ತು. ಮೇಡಂ ಸಮಿತಿಗೆ ಹೋಗಿ ಆ ಒಂದು ಪುಟ ನಿಲ್ಲಿಸಿ ಎಂದು ಕೇಳಿದರು. ಅಕ್ಷರ ಜೋಡಿಸಿ ಆಗಿದೆ ಎಂದು ಮುದ್ರಕರು ಗೊಣಗಿದರೂ ಬಿಡಲಿಲ್ಲ, ಅಲ್ಲೇ ಕೂತು, ಪೂರ್ವಹಾರ್ಮೋನು ಎಂಬ ಪದದ ಮುಂದೆ ಎರಡನೆಯ ಅರ್ಥವನ್ನು ಬರೆದರು: ‘ಮೈ ಬೆಳೆಸಲೆಂದು ಅಂಗಡಿಗಳಲ್ಲಿ ಈ ಹೆಸರಿನಿಂದ ಮಾರುವ ರಾಸಾಯನಿಕ, ಸೇವಿಸಿದವರ ಒಳಗೆ ಹಾರ್ಮೋನಿನ ಕೆಲಸವನ್ನೇ ಮಾಡಬಲ್ಲದು, ಯಕೃತ್ತಿಗೆ ಅಪಾಯಕಾರಿ, ಮೇಲಿನ ಅರ್ಥವನ್ನು ಇದಕ್ಕೆ ಅನ್ವಯಿಸಬಾರದು.’

ಅಧ್ಯಕ್ಷರು ಓದಿ, ಹೊಸ್ತಿಲು ಎಲ್ಲಿ ಹೋಯಿತು ಮೇಡಂ ಎಂದು ತಮಾಷೆ ಮಾಡಿದರು.

“ಇದೆ ಸರ್. ಆದರೆ ಅದರಾಚೆ ಜನ ನಿಂತಿದ್ದಾರೆ,” ಎಂದರು ಇವರು.

ಆಮೇಲೆಯೂ ಅವರು ಅದೇ ಪಾಠ ಮಾಡಿದರು, ಅದೇ ತಪ್ಪಿಗೆ ಸೊನ್ನೆ ಹಾಕಿದರು. ಆ ವಿಷಯದಲ್ಲಿ ಕೂದಲೆಳೆಯಷ್ಟೂ ಸಡಿಲವಾಗಲಿಲ್ಲ. ಆದರೆ ಯಾರಾದರೂ ಏನನ್ನಾದರೂ ಕೇಳಿದರೆ, ಉತ್ತರ ಹೇಳುವ ಮುಂಚೆ ಕೈಯಲ್ಲಿದ್ದುದನ್ನು ಕೆಳಗಿಟ್ಟು, ಯಾಕೆ ಕೇಳ್ತಿದ್ದೀಯ ಎಂದು ಮೆತ್ತಗೆ ವಿಚಾರಿಸುತ್ತಿದ್ದರು. ಅಮ್ಮನ ಕಾಯಿಲೆ, ಅಣ್ಣನ ಮಾತ್ರೆ, ತನ್ನದೇ ಮೈಯ ಭಯ, ಹೀಗೆ ಎಷ್ಟೋ ಹುಡುಗಿಯರ, ಹುಡುಗರ ಮನೆಯ ಸಂಕಟಗಳು ಪಾಠದ ಪ್ರಶ್ನೆಗಳ ವೇಷ ತೊಟ್ಟು ಬರುತ್ತವೆ ಎಂಬುದು ನಮ್ಮ ವಿಭಾಗಕ್ಕೆ ತಿಳಿದದ್ದು ಹಾಗೆ. ನಿವೃತ್ತರಾಗುವ ದಿನದವರೆಗೂ ಅವರ ಕೋಣೆಯ ಮುಂದಿನ ಬೆಂಚು ಖಾಲಿ ಇದ್ದದ್ದು ನನಗೆ ನೆನಪಿಲ್ಲ. ಅವರು ತೀರಿಕೊಂಡು ಈಗ ವರ್ಷಗಳಾದವು. ಕಟ್ಟಡ ಬದಲಾಗಿದೆ, ಕಾಗದ ಕತ್ತರಿಸಿ ತೋರಿಸುತ್ತಿದ್ದುದನ್ನು ಪರದೆಯ ಮೇಲಿನ ಬಣ್ಣದ ಚಿತ್ರಗಳು ಇನ್ನೂ ಸೊಗಸಾಗಿ ತೋರಿಸುತ್ತವೆ.

ಪದಗಳಿಗೆ ಕಾವಲು ಕೂರುವ ಇಂಥವರನ್ನು ಲೋಕ ಸಾಮಾನ್ಯವಾಗಿ ಹಟಮಾರಿಗಳೆಂದು ನಗೆಯಾಡಿ ಬಿಡುತ್ತದೆ, ಅವರ ಜೊತೆ ಬಾಳುವುದು ಸುಲಭವೂ ಅಲ್ಲ. ಸರಿಯಾದ ಉತ್ತರ ಹೇಳಿ ಕೈತೊಳೆದುಕೊಳ್ಳುವ ವಿದ್ವಾಂಸರು ಎಲ್ಲ ಕಾಲದಲ್ಲೂ ಹೇರಳವಾಗಿ ಸಿಗುತ್ತಾರೆ. ಉತ್ತರದಲ್ಲಿ ತಪ್ಪಿಲ್ಲವೆಂಬ ಸಮಾಧಾನ ಅವರಿಗೆ ರಾತ್ರಿ ಒಳ್ಳೆಯ ನಿದ್ದೆ ತರುತ್ತದೆ. ಆಡಿದ ಮಾತಿನ ಹಿಂದೆ ತಾವೇ ನಡೆದುಹೋಗಿ, ಅದು ಕೇಳಿದವನ ಮನೆಯೊಳಗೆ ಏನು ಮಾಡಿತೆಂದು ಕಣ್ಣಾರೆ ನೋಡಿ, ಮರಳಿ ಬಂದು ಅಚ್ಚಿಗೆ ಹೋದ ಪುಟವನ್ನು ತಿದ್ದುವವರು ಮಾತ್ರ ತಲೆಮಾರಿಗೊಬ್ಬರು. ಭಾಷೆ ಬದುಕಿರುವುದು ಅವರಿಂದ, ಕೆಲವೊಮ್ಮೆ ಮನುಷ್ಯರೂ.