ಕಣ್ಣಿಲ್ಲದ ನೀರುಕೋಳಿಗಳು

ಹೊನ್ನಕಟ್ಟೆ ಕೆರೆಯ ಜೊಂಡಿಗೆ ಡೀಸೆಲ್ ಸುರಿದು ಬೆಂಕಿ ಹಚ್ಚಿದರು. ಒಳಗೆ ನೀರುಕೋಳಿಗಳು ಮೊಟ್ಟೆಯ ಮೇಲೆ ಕೂತಿದ್ದವು.

ಅದಾಗಿ ತಿಂಗಳು ಕಳೆದ ಮೇಲೆ ಹರಿಹರದ ತಿಮ್ಮವ್ವ ಕೆರೆಗೆ ಬಂದಳು. ಬಣ್ಣದ ಡಬ್ಬಿ, ಕುಂಚಗಳ ಚೀಲ ಹಿಡಿದು ಏರಿಯ ಮೇಲೆ ಆಟೋ ಇಳಿದಾಗ ಅವಳಿಗೆ ಮೊದಲು ತಟ್ಟಿದ್ದು ಅಲ್ಲಿನ ಮೌನ. ಇಷ್ಟು ನೀರಿರುವ ಕಡೆ ಏನಾದರೊಂದು ಕೂಗಬೇಕಿತ್ತು. ಹದಡಿ ಕಡೆಯ ರಸ್ತೆಯಲ್ಲಿ ಓಡುವ ಟ್ರ್ಯಾಕ್ಟರಿನ ಸದ್ದು ಬಿಟ್ಟರೆ ಗಾಳಿಯೂ ಉಸಿರು ಬಿಗಿಹಿಡಿದಂತಿತ್ತು. ಕರಿ ನೀರಿನಲ್ಲಿ, ಸುಟ್ಟ ಜೊಂಡಿನ ಮೋಟುಗಳ ನಡುವೆ, ಅವಳೇ ಬಣ್ಣ ಬಳಿದ ಗೊಂಬೆ ಹಕ್ಕಿಗಳು ನಿಂತಿದ್ದವು. ನೀಲಿ ಮೈ, ಕೆಂಪು ಕೊಕ್ಕು, ಕೆಂಪು ಹಣೆ. ಕಣ್ಣಿರಬೇಕಾದ ಕಡೆ ಬರೀ ನೀಲಿ.

ತಿಮ್ಮವ್ವನದು ಗಣಪನ ಮೂರ್ತಿ ಮಾಡುವ ಮನೆ. ಗಂಡ ಹೋದ ಮೇಲೂ ಹೊಳೆದಂಡೆಯ ಶೆಡ್ಡಿನಲ್ಲಿ ಆ ಕೆಲಸ ನಡೆಸಿಕೊಂಡು ಬಂದವಳು. ಮೈಯ ಬಣ್ಣ ಯಾವಾಗ ಬೇಕಾದರೂ ಆದೀತು, ಕಣ್ಣು ಹಾಗಲ್ಲ. ಅತ್ತೆ ಕಲಿಸಿದ ಕ್ರಮ ಅದು. ಮೂರ್ತಿಯ ಎದುರು ದೀಪ, ತಟ್ಟೆಯಲ್ಲಿ ಬೆಲ್ಲ, ಬಾಗಿಲಲ್ಲಿ ಕರುವಿನ ಜೊತೆ ಹಸು ಇದ್ದಾಗಲೇ ಕಣ್ಣು ಬರೆಯಬೇಕು. ತೆರೆದ ಕಣ್ಣು ಮೊದಲು ಒಳ್ಳೆಯದನ್ನೇ ನೋಡಬೇಕು. ಹಕ್ಕಿಗಳಾದರೇನು, ಅವಕ್ಕೂ ಹಾಗೇ ಮಾಡಿಕೊಡುತ್ತೇನೆಂದು ಅವಳು ಶುಕ್ರವಾರ ಗೊತ್ತು ಮಾಡಿದ್ದಳು. ಕೆರೆಯಲ್ಲಿ ಹಕ್ಕಿಗಳ ಉದ್ಯಾನ ಕಟ್ಟುತ್ತಿದ್ದ ಕಂಪನಿಯ ಹುಡುಗರು ಗುರುವಾರವೇ ಲಾರಿ ತಂದು, ಕಣ್ಣಿಲ್ಲದ ಹಕ್ಕಿಗಳನ್ನು ಎತ್ತಿಕೊಂಡು ಹೋಗಿ ಕೆಸರಿನಲ್ಲಿ ನೆಟ್ಟುಬಿಟ್ಟರು. ಉದ್ಘಾಟನೆಗೆ ಮಂತ್ರಿಗಳ ದಿನ ಸಿಕ್ಕಿತ್ತು.

ಕಂಪನಿಯ ಎಂಜಿನಿಯರ್ ರವಿಚಂದ್ರ ಏರಿಯ ಮೇಲೆ ಕುರ್ಚಿ ಹಾಕಿಸಿಕೊಂಡು ಕೂತಿದ್ದ. ಸಂಜೆಯೊಳಗೆ ಎಲ್ಲಕ್ಕೂ ಕಣ್ಣು ಬರೆದು ಮುಗಿಸಬೇಕು ಎಂದ. ಹೊಳೆದಂಡೆಯ ಶೆಡ್ಡು ತೆರವು ಮಾಡಲು ನೋಟಿಸು ಬಂದಿರುವುದು ಅವನಿಗೆ ಗೊತ್ತಿತ್ತು. ಕೆಲಸ ಮುಗಿದರೆ ಉದ್ಯಾನದ ಬಾಗಿಲಲ್ಲಿ ಅವಳಿಗೊಂದು ಮಳಿಗೆ, ವರ್ಷವಿಡೀ ಗೊಂಬೆ ಮಾರಿಕೊಂಡಿರಬಹುದು ಎಂದು ಹಿಂದೆ ಹೇಳಿದ್ದನ್ನೇ ಮತ್ತೆ ಹೇಳಿದ. ತಿಮ್ಮವ್ವನಿಗೆ ಬೇರೆ ದಾರಿ ಇರಲಿಲ್ಲ. ಹರಿಗೋಲು ಹತ್ತಿದಳು.

ಜೊತೆಗೆ ವಿದ್ಯಾನಗರದ ಕಾಲೇಜಿನಲ್ಲಿ ಪ್ರಾಣಿಶಾಸ್ತ್ರ ಕಲಿಸುವ ಚೈತ್ರಾ ಇದ್ದಳು. ಉದ್ಯಾನಕ್ಕೆ ಸಲಹೆಗಾರ್ತಿ. ಹರಿಗೋಲು ಹಾಕುತ್ತಿದ್ದವನು ಕರಿಯಣ್ಣ. ಮೊದಲು ಇದೇ ಕೆರೆಯಲ್ಲಿ ಮೀನು ಹಿಡಿಯುತ್ತಿದ್ದವನು, ಈಗ ಕಂಪನಿಯ ಹಸಿರು ಅಂಗಿ ತೊಟ್ಟಿದ್ದ.

"ಜಪಾನ್ ಮಾದರಿ ಹಕ್ಕಿ ಅಂತೆ, ತಿಮ್ಮಕ್ಕ" ಎಂದ ಅವನು. "ಮೇವು ಕೇಳಂಗಿಲ್ಲ, ಹಿಕ್ಕೆ ಹಾಕಂಗಿಲ್ಲ. ಇಂಥವೇ ಬೇಕು ಇವ್ರಿಗೆ."

ಚೈತ್ರಾ ನಗಲಿಲ್ಲ. ಜಪಾನಿನ ಸಮುದ್ರದಂಡೆಯ ಒಂದು ಸಂರಕ್ಷಿತ ಉದ್ಯಾನದಲ್ಲಿ ತರಬೇತಿಗೆಂದು ಇದ್ದು ಬಂದವಳು ಅವಳು. ಅಲ್ಲಿ ಸಮುದ್ರದ ಉಬ್ಬರ ಇಳಿದಾಗ ಮೈಲುಗಟ್ಟಲೆ ಕೆಸರು ತೆರೆದುಕೊಳ್ಳುತ್ತದೆ, ಜನ ಮರದ ಗೋಡೆಯ ಸಂದಿಯಿಂದ ಹಕ್ಕಿ ನೋಡುತ್ತಾರೆ, ಯಾರೂ ದನಿ ಎತ್ತುವುದಿಲ್ಲ ಎಂದು ತಿಮ್ಮವ್ವನಿಗೆ ಹೇಳಿದಳು. ಜೊಂಡು ಸುಡುವುದು ಅಲ್ಲೂ ಉಂಟು. ಆದರೆ ಚಳಿ ಮುಗಿಯುವಾಗ, ಹಕ್ಕಿ ಗೂಡು ಕಟ್ಟುವುದಕ್ಕೆ ಮುಂಚೆ. ಹಕ್ಕಿ ಬಿಟ್ಟುಹೋದ ದಂಡೆಯನ್ನು ಮತ್ತೆ ಕಾಯ್ದು ಭದ್ರ ಮಾಡಿದ ಮೇಲೆ ಗೊಂಬೆ ಹಕ್ಕಿ ಇಡುತ್ತಾರೆ. ಅವನ್ನು ನಂಬಿ ನಿಜವಾದವು ಇಳಿಯುತ್ತವೆ. ಕಂಪನಿಯವರು ಅವಳು ಹೇಳಿದ್ದರಲ್ಲಿ ಬೆಂಕಿಯನ್ನೂ ಗೊಂಬೆಯನ್ನೂ ಆರಿಸಿಕೊಂಡಿದ್ದರು. ಕಾಯುವುದನ್ನು ಬಿಟ್ಟಿದ್ದರು.

ಮೊದಲ ಹಕ್ಕಿಯ ಬಳಿ ಹರಿಗೋಲು ನಿಂತಿತು. ಅದರ ಕಾಲ ಬುಡದಲ್ಲಿ ಜೊಂಡಿನ ಕಡ್ಡಿಗಳ ಸಣ್ಣ ಗುಡ್ಡೆಯಿತ್ತು. ಅರ್ಧ ಸುಟ್ಟ ಕಡ್ಡಿಗಳು, ಇನ್ನೂ ಒದ್ದೆ.

"ಇದನ್ಯಾರು ಒಟ್ಟಿದ್ದು?" ತಿಮ್ಮವ್ವ ಕೇಳಿದಳು.

ಕರಿಯಣ್ಣ ಗಲ್ಲ ಎತ್ತಿ ತೋರಿಸಿದ. ಮೋಟುಗಳ ನಡುವಿನಿಂದ ಜೀವಂತ ನೀರುಕೋಳಿಯೊಂದು ಬಂತು. ಒಂದು ಮಗ್ಗುಲಿನ ಪುಕ್ಕವೆಲ್ಲ ಕಮರಿ ಚರ್ಮ ಕಾಣುತ್ತಿತ್ತು. ಹರಿಗೋಲು ಇರುವುದೇ ತಿಳಿಯದಂತೆ ಮುಂದೆ ಬಂದು, ಕೊಕ್ಕಿನಲ್ಲಿದ್ದ ಕಡ್ಡಿಯನ್ನು ಗೊಂಬೆಯ ಮುಂದೆ ಹಿಡಿದು ತಲೆ ಬಾಗಿಸಿತು. ಕಾಯಿತು. ಗೊಂಬೆ ತೆಗೆದುಕೊಳ್ಳಲಿಲ್ಲ. ಕಡ್ಡಿಯನ್ನು ಗುಡ್ಡೆಯ ಮೇಲಿಟ್ಟು ಮತ್ತೊಂದು ತರಲು ಹೋಯಿತು. ಇಷ್ಟೂ ಹೊತ್ತು ಅದು ಒಂದು ಸಲವೂ ದನಿ ಮಾಡಲಿಲ್ಲ.

"ನಟ್ಟಾಗಿಂದ ಹಿಂಗೇ ಐತೆ" ಎಂದ ಕರಿಯಣ್ಣ.

ತಿಮ್ಮವ್ವ ಕಣ್ಣಿಗೆ ಕೈ ಅಡ್ಡ ಹಿಡಿದು ನೋಡಿದಳು. ಪ್ರತಿಯೊಂದು ಗೊಂಬೆಯ ಬುಡದಲ್ಲೂ ಕರಿ ಕಡ್ಡಿಗಳ ಗುಡ್ಡೆ. ದೂರದ ದಡದವರೆಗೂ.

"ಇಂಥವು ಎಷ್ಟು ಅದಾವಪ್ಪ?"

"ನಾ ಕಂಡಿದ್ದು ಇದೊಂದೇ ಅಕ್ಕ."

ಅವಳು ಮತ್ತೊಮ್ಮೆ ಅಷ್ಟೂ ಗುಡ್ಡೆಗಳನ್ನು ನೋಡಿದಳು. ಆದರೂ ಡಬ್ಬಿ ತೆರೆದು ಕುಂಚ ಅದ್ದಿದಳು. ಕಣ್ಣು ಬರೆಯುವ ಮುಂಚೆ ಮಾಡುವುದೊಂದಿತ್ತು. ಮೂರ್ತಿಯ ಹಿಂದೆ ಹೋಗಿ, ಅದರ ತಲೆಯ ಮಟ್ಟಕ್ಕೆ ಬಗ್ಗಿ, ಅದು ನೋಡುವ ಕಡೆಗೇ ನೋಡಬೇಕು. ಎದುರಿಗೆ ಇಡಬಾರದ್ದೇನಾದರೂ ಇದೆಯೇ ಎಂದು ತಿಳಿಯುವುದು ಹಾಗೆ. ಕರಿಯಣ್ಣ ಹರಿಗೋಲನ್ನು ಹಿಂದಕ್ಕೆ ತಿರುಗಿಸಿದ. ತಿಮ್ಮವ್ವ ಹಕ್ಕಿಯ ತಲೆಗೆ ಕೆನ್ನೆ ತಾಗಿಸಿ ನೋಡಿದಳು.

ಎದುರಿನ ಮೋಟುಗಳ ಸಂದಿಯಲ್ಲಿ ಒಂದು ಗೂಡು ಹಾಗೇ ಉಳಿದಿತ್ತು. ಅದರೊಳಗೆ ಬೆಂದು ಬಿರಿದ ಮೊಟ್ಟೆಗಳು. ಅದರಾಚೆ ಜೆಸಿಬಿಗಳು, ಕೆಂಪು ಮಣ್ಣಿನ ರಾಶಿ.

ಆ ಮಣ್ಣು ಯಾಕೆಂದು ಅವಳು ಚೈತ್ರಾಳನ್ನು ಕೇಳಿದಳು. ಚೈತ್ರಾ ಮೊದಲು ನೀರನ್ನು ನೋಡಿದಳು, ಆಮೇಲೆ ಹೇಳಿದಳು. ಉದ್ಘಾಟನೆ ಮುಗಿದ ಮೇಲೆ ಕೆರೆಯ ಈ ಅರ್ಧ ಮುಚ್ಚುತ್ತಾರೆ, ಕಾರು ನಿಲ್ಲಿಸುವುದಕ್ಕೆ. ಕೆರೆ ಉಳಿಸುವ ಯೋಜನೆಗೆ ಕೆರೆಯೇ ಅಡ್ಡವಾಗಿತ್ತು.

"ನಾ ಕಣ್ ಬರದ್ರೆ ಇನ್ನೂ ಬರ್ತಾವೇನವ್ವ?"

"ಬರ್ತಾವೆ. ಕಣ್ಣಿದ್ರೆ ದೂರದಿಂದ್ಲೇ ನಂಬ್ತಾವೆ."

"ಬಂದು ಗೂಡು ಕಟ್ತಾವೆ."

ಚೈತ್ರಾ ಕೆಂಪು ಮಣ್ಣಿನ ರಾಶಿಯ ಕಡೆ ತಿರುಗಿದಳು.

ಅಷ್ಟರಲ್ಲಿ ಕರಿಯಣ್ಣನ ಮೊಬೈಲು ಹೊಡೆದುಕೊಂಡಿತು. ಅವನು ಸ್ಪೀಕರ್ ಹಾಕಿ ಹಲಗೆಯ ಮೇಲಿಟ್ಟ. ಒಂದು ಹಕ್ಕಿಗೇ ಇಷ್ಟು ಹೊತ್ತೇ ಎಂದು ರವಿಚಂದ್ರ ರೇಗಿದ. ಮೇಡಂ ಏನೋ ತಲೆ ಕೆಡಿಸುತ್ತಿದ್ದಾರೆ, ಅವರ ಮಾತು ಕೇಳಬೇಡಿ ಎಂದ. ಅವರಿಗೆ ತಿಂಗಳಾದರೆ ಕಾಲೇಜಿನ ಸಂಬಳ ಇದೆ, ನಿಮಗೇನಿದೆ ಎಂದ. ಚೈತ್ರಾಳ ಮುಖ ಕೆಂಪಾಯಿತು.

"ತಿಮ್ಮವ್ವಾರೆ, ಕೇಳಿಸ್ತೈತಾ? ಮಳಿಗೆ ಬೇಕೋ ಬ್ಯಾಡೋ?"

"ಬೇಕ್ರಿ."

"ಮತ್ತೆ ಬರೀರಿ."

ಸುಟ್ಟ ಮಗ್ಗುಲಿನ ನೀರುಕೋಳಿ ಇನ್ನೊಂದು ಕಡ್ಡಿ ಹಿಡಿದು ಬಂದಿತ್ತು. ತಿಮ್ಮವ್ವ ಕುಂಚವನ್ನು ಹರಿಗೋಲಿನ ಅಂಚಿಗೆ ಒರೆಸಿ, ಚೀಲಕ್ಕೆ ಹಾಕಿ, ಚೀಲದ ಬಾಯಿ ಬಿಗಿದಳು.

"ಬರಿಯಂಗಿಲ್ಲ ಸಾಹೇಬ್ರೆ."

"ಏನಂದ್ರಿ?"

"ಇದನ್ನ ನೋಡು ಅಂತ ನಾ ಯಾವ ಕಣ್ಣಿಗೂ ಹೇಳಂಗಿಲ್ಲ."

ಮೊಬೈಲು ಮಾತಾಡುತ್ತಲೇ ಇತ್ತು. ಶೆಡ್ಡಿನ ಬಗ್ಗೆ, ಅದನ್ನು ತೆರವು ಮಾಡಬೇಕಾದ ಬರುವ ಸೋಮವಾರದ ಬಗ್ಗೆ. ಕರಿಯಣ್ಣ ಹುಟ್ಟು ಹಿಡಿದುಕೊಂಡು ಅವಳನ್ನೇ ನೋಡುತ್ತಿದ್ದ. ತಿಮ್ಮವ್ವ ಬರಿಗೈಗಳನ್ನು ನೀರಿಗಿಳಿಸಿದಳು. ಬೂದಿಯ ಪದರ ಬೆರಳುಗಳ ಸುತ್ತ ಒಂದು ಕ್ಷಣ ದೂರ ಸರಿದು, ಮತ್ತೆ ನಿಧಾನವಾಗಿ ಮುಚ್ಚಿಕೊಂಡಿತು.